ಎರಡು ಸಲ ಎಡವಿದ ಫೇರೋ

ಕಳೆದ ವಾರ ನಮ್ಮ ಫ್ಯಾಮಿಲಿ ಗ್ರೂಪಿನಲ್ಲಿ ಮಾವ ಒಂದು ವಿಡಿಯೋ ಹಾಕಿದರು. ಪಿರಮಿಡ್ ಮೇಲೆ ಹಸಿರು ಬೆಳಕು, ಹಿಂದೆ ಎದೆ ನಡುಗಿಸುವ ಮ್ಯೂಸಿಕ್, ಗಡಸು ದನಿಯಲ್ಲಿ ಒಬ್ಬನ ಪ್ರಶ್ನೆ: 'ಇದು ಮನುಷ್ಯರ ಕೈಯಲ್ಲಿ ಆಗುವ ಕೆಲಸವೇ?' ಉತ್ತರವೂ ಅವನದೇ. ಬೇರೆ ಗ್ರಹದವರು ಬಂದು ಕಟ್ಟಿ ಹೋದರಂತೆ. ಅತ್ತೆ ಅದಕ್ಕೆ ಕೈ ಮುಗಿಯುವ ಎಮೋಜಿ ಹಾಕಿದ್ದರು, ಯಾಕೆ ಅಂತ ಅವರಿಗೇ ಗೊತ್ತು.

ನಾನು ಒಂದೇ ಪದ ಟೈಪ್ ಮಾಡಿದೆ. 'ಸ್ನೆಫೆರು.'

'ಏನೋ ಅದು, ತಿನ್ನೋದಾ?' ಅಂತ ಮಾವ.

ಗ್ರೂಪಿನಲ್ಲಿ ಉದ್ದ ಬರೆದರೆ ಬೈಸಿಕೊಳ್ಳಬೇಕಾಗುತ್ತದೆ. ಅದಕ್ಕೇ ಇಲ್ಲಿಗೆ ಬಂದೆ.

ಫೇರೋ, ಅಂದರೆ ಹಳೇ ಈಜಿಪ್ಟಿನ ರಾಜ, ಅಂದಾಗ ನಮಗೆಲ್ಲ ನೆನಪಾಗುವುದು ಮೂರ್ನಾಲ್ಕು ಹೆಸರು. ಚಿನ್ನದ ಮುಖವಾಡದ ಟುಟಾಂಖಾಮುನ್, ದೊಡ್ಡ ಪಿರಮಿಡ್ಡಿನ ಖುಫು, ಹೋದಲ್ಲೆಲ್ಲ ತನ್ನದೇ ಮೂರ್ತಿ ನಿಲ್ಲಿಸಿದ ಎರಡನೇ ರಾಮ್ಸೆಸ್. ಕ್ಲಿಯೋಪಾತ್ರಾಳನ್ನು ಸೇರಿಸಿದರೆ ಪಟ್ಟಿ ಮುಗಿಯಿತು. (ಅವಳು ಹುಟ್ಟುವ ಹೊತ್ತಿಗೆ ಗೀಜಾದ ಪಿರಮಿಡ್‌ಗಳಿಗೆ ಸುಮಾರು 2500 ವರ್ಷ ಆಗಿತ್ತು. ಅವಳಿಗೂ ಅವು ನಮಗಿದ್ದ ಹಾಗೆಯೇ ಹಳೇ ಕಾಲದ ಸಾಮಾನು.) ನನಗೆ ಮಾತ್ರ ಇವರೆಲ್ಲರಿಗಿಂತ ಖುಫುವಿನ ಅಪ್ಪ ಇಷ್ಟ. ಕ್ರಿ.ಪೂ. 2600ರ ಆಸುಪಾಸಿನಲ್ಲಿ ಆಳಿದ, ನಾಲ್ಕನೇ ರಾಜವಂಶದ ಮೊದಲ ರಾಜ ಸ್ನೆಫೆರು.

ಇಷ್ಟ ಯಾಕೆಂದರೆ ಅವನ ತಪ್ಪುಗಳು ಇವತ್ತಿಗೂ ಮರಳಿನಲ್ಲಿ ಎದ್ದು ನಿಂತಿವೆ. ಮುಚ್ಚಿಡೋಣ ಅಂದರೂ ಆಗದಷ್ಟು ದೊಡ್ಡ ತಪ್ಪುಗಳು.

ಅವನಿಗಿಂತ ಮುಂಚೆ ಪಿರಮಿಡ್ ಅಂದರೆ ಮೆಟ್ಟಿಲು ಮೆಟ್ಟಿಲಾಗಿ ಇರುತ್ತಿತ್ತು. ಸಕ್ಕಾರಾದಲ್ಲಿ ಜೋಸೆರ್ ರಾಜನಿಗೆ ಅವನ ಮಂತ್ರಿ ಇಮ್ಹೋಟೆಪ್ ಕಟ್ಟಿಸಿದ ಆರು ಮೆಟ್ಟಿಲಿನ ಪಿರಮಿಡ್ ಅದರ ಮಾದರಿ. ನಾಲ್ಕೂ ಕಡೆ ನುಣ್ಣಗೆ ಇಳಿಜಾರಾಗಿ ಹೋಗಿ ಮೇಲೆ ಒಂದೇ ಮೊನೆಯಲ್ಲಿ ಮುಗಿಯುತ್ತದಲ್ಲ, ನಾವು ಡ್ರಾಯಿಂಗ್ ಪುಸ್ತಕದಲ್ಲಿ ಬರೆಯುತ್ತಿದ್ದ ಪಿರಮಿಡ್, ಅದು ಆಗ ಇರಲೇ ಇಲ್ಲ. ಅದನ್ನು ಕಂಡುಹಿಡಿಯಲು ಸ್ನೆಫೆರು ಮತ್ತವನ ಮೇಸ್ತ್ರಿಗಳು ಮೂರು ದೊಡ್ಡ ಪಿರಮಿಡ್ ಕಟ್ಟಬೇಕಾಯಿತು. ಮೂರೂ ಸೇರಿದರೆ ಮಗ ಖುಫುವಿನ ಪಿರಮಿಡ್ಡಿಗಿಂತ ಜಾಸ್ತಿ ಕಲ್ಲು. ಹೆಸರು ಮಾತ್ರ ಮಗನಿಗೆ ಹೋಯಿತು.

ಮೊದಲನೆಯದು ಮೈದೂಮ್‌ನಲ್ಲಿ. ಅದನ್ನೂ ಮೆಟ್ಟಿಲಾಗಿಯೇ ಕಟ್ಟಿದರು. ಎಷ್ಟೋ ವರ್ಷದ ಮೇಲೆ, ಹೊಸ ಫ್ಯಾಷನ್ ಬಂದ ಮೇಲೆ, ಅದೇ ಪಿರಮಿಡ್ಡಿನ ಮೆಟ್ಟಿಲುಗಳ ನಡುವೆ ಕಲ್ಲು ತುಂಬಿ ಇಳಿಜಾರು ಮಾಡಲು ಹೊರಟರು. ಹಳೇ ಮನೆಗೆ ಹೊಸ ಎಲಿವೇಶನ್ ಹಾಕಿಸುವುದಿಲ್ಲವೇ, ಹಾಗೆ. ಒಳಗಿನ ಮೆಟ್ಟಿಲುಗಳ ಮುಖವನ್ನು ಆಗಲೇ ನುಣ್ಣಗೆ ಕೆತ್ತಿ ಮುಗಿಸಿದ್ದರು. ಹೊಸ ಕಲ್ಲಿಗೆ ಕಚ್ಚಿಕೊಳ್ಳಲು ಅಲ್ಲಿ ಏನೂ ಇರಲಿಲ್ಲ. ಸಾಲದ್ದಕ್ಕೆ ಒಳಗಿನ ಭಾಗ ಬಂಡೆಯ ಮೇಲೆ ಕೂತಿದ್ದರೆ ಹೊರಗಿನ ಹೊದಿಕೆಯ ಪಾಯ ಮರಳಿನ ಮೇಲೆ. ಹೊದಿಕೆ ಜಾರಿ ಕೆಳಗೆ ಬಂತು. ಯಾವಾಗ ಜಾರಿತು ಅನ್ನುವ ಬಗ್ಗೆ ಪಂಡಿತರಲ್ಲಿ ಇನ್ನೂ ಜಗಳ ಇದೆ. ಈಗ ಅಲ್ಲಿ ಕಾಣುವುದು ಕಲ್ಲುಪುಡಿಯ ಗುಡ್ಡೆ, ಅದರ ನಡುವಿನಿಂದ ಎದ್ದ ಮೂರು ಹಂತದ ಗೋಪುರ. ಸುತ್ತಲಿನ ಜನ ಅದಕ್ಕೆ ಇಟ್ಟ ಅರಬ್ಬಿ ಹೆಸರಿನ ಅರ್ಥ 'ಸುಳ್ಳು ಪಿರಮಿಡ್'.

ಎರಡನೆಯದೇ ನನ್ನ ಮೆಚ್ಚಿನದು. ಕೈರೋದಿಂದ ದಕ್ಷಿಣಕ್ಕೆ ಸುಮಾರು 40 ಕಿಲೋಮೀಟರ್ ಹೋದರೆ ದಹಶೂರ್. ಅಲ್ಲಿದೆ ಬಾಗಿದ ಪಿರಮಿಡ್. ಕೆಳಗಿನ ಅರ್ಧ 54 ಡಿಗ್ರಿಯಲ್ಲಿ ದರ್ಪದಿಂದ ಮೇಲಕ್ಕೆ ಹೋಗುತ್ತದೆ. ಅಲ್ಲಿ ಏನೋ ನೆನಪಾದ ಹಾಗೆ ಥಟ್ಟನೆ 43 ಡಿಗ್ರಿಗೆ ಬಾಗುತ್ತದೆ. ಫೋಟೋದಲ್ಲಿ ನೋಡಿದರೆ ಕ್ಯಾಮೆರಾ ಕೆಟ್ಟಿದೆಯೇನೋ ಅನಿಸುತ್ತದೆ.

ಆದದ್ದು ಇಷ್ಟು. ಅಲ್ಲಿ ನೆಲ ಗಟ್ಟಿ ಬಂಡೆಯಲ್ಲ, ಜೇಡಿ ಬೆರೆತ ಸಡಿಲು ಮಣ್ಣು. ಕೋನ ಕಡಿದು. ಅದರ ಮೇಲೆ ಕಲ್ಲುಗಳನ್ನು ಹಳೇ ಪದ್ಧತಿಯಲ್ಲಿ ಒಳಕ್ಕೆ ವಾಲಿಸಿ ಇಟ್ಟರು, ಭಾರವೆಲ್ಲ ನಡುವಿಗೆ ಒತ್ತಿತು. ಕಟ್ಟುತ್ತಾ ಕಟ್ಟುತ್ತಾ ಒಳಗಿನ ಕೋಣೆಗಳಲ್ಲಿ ಬಿರುಕು ಬಿಟ್ಟಿತು. ಬಿರುಕಿಗೆ ಗಾರೆ ಮೆತ್ತಿದರು. ಮೇಲಿನ ಕೋಣೆಯಲ್ಲಿ ಗೋಡೆಯಿಂದ ಗೋಡೆಗೆ ಸೀಡರ್ ಮರದ ದಿಮ್ಮಿ ಅಡ್ಡ ಕೊಟ್ಟರು. ನಮ್ಮ ಕಡೆ ಗೋಡೆ ವಾಲಿದರೆ ಆಸರೆಗೆ ಮರ ಕೊಡುತ್ತಾರಲ್ಲ, ಅದೇ ಉಪಾಯ. ಆ ದಿಮ್ಮಿಗಳು ಇವತ್ತಿಗೂ ಅಲ್ಲೇ ಇವೆ. 4600 ವರ್ಷ ಹಳೆಯ ಗಾಬರಿ ಅದು, ಮರದ ರೂಪದಲ್ಲಿ. ಸ್ನೆಫೆರುವಿನ ಕಾಲದಲ್ಲಿ 40 ಹಡಗು ತುಂಬ ಸೀಡರ್ ಮರ ತರಿಸಿದ್ದು ಪಲೆರ್ಮೋ ಶಿಲೆ ಅನ್ನುವ ಹಳೇ ವಾರ್ಷಿಕ ದಾಖಲೆಯಲ್ಲಿದೆ. ಅದನ್ನು ಓದುವಾಗೆಲ್ಲ ನನಗೆ ಈ ದಿಮ್ಮಿಗಳೇ ಕಣ್ಣ ಮುಂದೆ ಬರುತ್ತವೆ.

ಆಮೇಲೆ ಯಾರೋ ಹೇಳಿರಬೇಕು, 'ದೊರೆ, ಹೀಗೇ ಹೋದರೆ ಉಳಿಯಲ್ಲ'. ಆ ಮನುಷ್ಯನ ಹೆಸರು ಗೊತ್ತಾಗಿದ್ದರೆ ಎಷ್ಟು ಚೆನ್ನಾಗಿತ್ತು! ದೇವರೇ ಅನಿಸಿಕೊಂಡ ರಾಜನ ಮುಂದೆ ನಿಂತು ಲೆಕ್ಕ ತಪ್ಪಿದೆ ಅನ್ನುವುದು ಸುಮ್ನೆ ಮಾತಲ್ಲ. ನಮ್ಮ ಮನೆ ಕಟ್ಟುವಾಗ ಮಹಡಿ ಮೆಟ್ಟಿಲಿನ ಕೊನೆಯದೊಂದು ಎರಡಿಂಚು ಎತ್ತರ ಬಂತು. ಮೇಸ್ತ್ರಿ ಅದನ್ನು ಒಪ್ಪಲೇ ಇಲ್ಲ. 'ನಿಮ್ಮ ನಡಿಗೇನೇ ಹಾಗೆ ಸಾರ್' ಅಂದುಬಿಟ್ಟ. ಬಂದ ನೆಂಟರೆಲ್ಲ ಅಲ್ಲೇ ಎಡವುತ್ತಾರೆ. ಸ್ನೆಫೆರುವಿನ ಜನ ಒಪ್ಪಿಕೊಂಡರು. ಕೋನ ತಗ್ಗಿಸಿದರು. ಮೇಲಿನ ಅರ್ಧದಲ್ಲಿ ಕಲ್ಲನ್ನು ಒಳಕ್ಕೆ ವಾಲಿಸದೆ ಅಡ್ಡಡ್ಡ ಮಟ್ಟವಾಗಿ ಇಡಲು ಶುರುಮಾಡಿದರು. ಅಂದರೆ ಒಂದೇ ಕಟ್ಟಡದಲ್ಲಿ ಕೆಳಗೆ ಹಳೇ ಪಾಠ, ಮೇಲೆ ಹೊಸ ಪಾಠ. ತಮಾಷೆ ಅಂದರೆ, ಹೊರಗಿನ ನುಣುಪು ಹೊದಿಕೆ ಅತಿ ಹೆಚ್ಚು ಉಳಿದುಕೊಂಡಿರುವುದು ಈ ಎಡವಟ್ಟು ಪಿರಮಿಡ್ಡಿನ ಮೇಲೆಯೇ.

ಮೂರನೆಯದು ಅಲ್ಲಿಂದ ಕಣ್ಣಳತೆಯ ದೂರದಲ್ಲಿದೆ, ಕೆಂಪು ಪಿರಮಿಡ್. ಬುಡದಿಂದಲೇ 43 ಡಿಗ್ರಿ. ಎತ್ತರ ಸುಮಾರು 105 ಮೀಟರ್. ರಿಸ್ಕೇ ಬೇಡ ಅಂತ ನಿರ್ಧರಿಸಿ ಕಟ್ಟಿದ್ದು ನೋಡಿದರೇ ಗೊತ್ತಾಗುತ್ತದೆ. ಮೊದಲ ಬಾರಿಗೆ ಸರಿಯಾದ ಪಿರಮಿಡ್ ನಿಂತಿತು.

ಇದರೊಳಗೆ ನಾನು ಇಳಿದಿದ್ದೇನೆ. ಗೀಜಾದಲ್ಲಿ ಕ್ಯೂ, ಒಂಟೆಯವರ ಕಾಟ, ಸೆಲ್ಫಿ ಗಲಾಟೆ. ಇಲ್ಲಿ ಕಾವಲಿನವನೂ ನಾನೂ ಇನ್ನಿಬ್ಬರೂ ಅಷ್ಟೇ. ಮೊದಲು ಹೊರಗಿನಿಂದ ಮೇಲಕ್ಕೆ ಹತ್ತಬೇಕು. ಅಲ್ಲೊಂದು ಚೌಕದ ಕಿಂಡಿ. ಅದರಿಂದ ಒಳಕ್ಕೆ ಸುಮಾರು 60 ಮೀಟರ್ ಇಳಿಜಾರು ದಾರಿ. ಎತ್ತರ ಒಂದು ಮೀಟರ್ ಕೂಡ ಇಲ್ಲ. ಬೆನ್ನು ಬಾಗಿಸಿ, ಹಿಂದುಮುಂದಾಗಿ, ಏಣಿ ಇಳಿಯುವ ಹಾಗೆ ಇಳಿದೆ. ಅರ್ಧ ದಾರಿಗೆ ತೊಡೆ ನಡುಗತೊಡಗಿತು. ಕೆಳಗೆ ಹೋದ ಹಾಗೆ ಮೂತ್ರದಂಥ ಘಾಟು ಮೂಗಿಗೆ ಹೊಡೆಯುತ್ತದೆ. ತಳ ಮುಟ್ಟಿ ನೆಟ್ಟಗೆ ನಿಂತು ತಲೆ ಎತ್ತಿದರೆ ಸುತ್ತ ಕಲ್ಲಿನ ಸಾಲು. ಒಂದೊಂದು ಸಾಲೂ ಕೆಳಗಿನದಕ್ಕಿಂತ ಒಂದಿಷ್ಟು ಒಳಕ್ಕೆ ಚಾಚಿ, ಎರಡೂ ಕಡೆಯಿಂದ ಹತ್ತಿರ ಹತ್ತಿರ ಬಂದು, ಎಲ್ಲೋ ಮೇಲೆ ಸೇರುತ್ತವೆ. ನೆತ್ತಿಯ ಮೇಲೆ ಲಕ್ಷಾಂತರ ಟನ್ ಕಲ್ಲು. ನಾನು ಟಾರ್ಚ್ ಹಾಕಿ ಬಿರುಕು ಹುಡುಕಿದೆ. ಕಣ್ಣಿಗೆ ಬೀಳುವಂಥದ್ದೊಂದೂ ಇರಲಿಲ್ಲ. ಪರೀಕ್ಷೆಯಲ್ಲಿ ಎರಡು ಸಲ ನಪಾಸಾದ ಹುಡುಗ ಮೂರನೇ ಸಲ ಬರೆದ ಉತ್ತರ ಪತ್ರಿಕೆ ನೋಡಿದ ಹಾಗಾಯಿತು. ಮಾರನೇ ದಿನ ಹೋಟೆಲಿನ ಮೆಟ್ಟಿಲು ಇಳಿಯಲು ಆಗಲಿಲ್ಲ, ಅದು ಬೇರೆ.

ಈ ಪಿರಮಿಡ್ಡಿನ ಹೊದಿಕೆ ಕಲ್ಲುಗಳ ಹಿಂಭಾಗದಲ್ಲಿ ಕೆಲಸಗಾರರು ಬರೆದ ತಾರೀಕುಗಳು ಸಿಕ್ಕಿವೆ. ಆಗ ವರ್ಷ ಎಣಿಸುತ್ತಿದ್ದದ್ದು ದನಗಳ ಗಣತಿಯಿಂದ, ಇಷ್ಟನೇ ಗಣತಿಯ ವರ್ಷ ಅಂತ. ಗೋಡೆ ಏರಿದ ಹಾಗೆ ಏನು ಬರೆದಿದ್ದಾರೆ ಅಂತ ನೋಡಿಯೇ ಕೆಲಸ ಎಷ್ಟು ಬೇಗ ಸಾಗಿತು ಅಂತ ಪಂಡಿತರು ಲೆಕ್ಕ ಹಾಕಿದ್ದಾರೆ. ಬೇರೆ ಗ್ರಹದವರು ನಮ್ಮ ದನ ಎಣಿಸಿಕೊಂಡು ಕೂರುತ್ತಾರೆಯೇ, ಮಾವ?

ಸ್ನೆಫೆರುವಿನ ಮಗ ಖುಫುವಿನ ಕಾಲದ್ದು ಇನ್ನೂ ಚೆನ್ನಾಗಿದೆ. 2013ರಲ್ಲಿ ಕೆಂಪು ಸಮುದ್ರದ ದಡದಲ್ಲಿ ವಾದಿ ಅಲ್ ಜರ್ಫ್ ಅನ್ನುವಲ್ಲಿ ಪಪೈರಸ್ (ಜೊಂಡಿನಿಂದ ಮಾಡಿದ ಹಳೇ ಕಾಲದ ಕಾಗದ) ತುಂಡುಗಳು ಸಿಕ್ಕವು. ಬರಹ ಇರುವ ಪಪೈರಸ್‌ಗಳಲ್ಲಿ ಇವಕ್ಕಿಂತ ಹಳೆಯವು ಸಿಕ್ಕಿಲ್ಲ. ಅದರಲ್ಲಿ ಮೆರೆರ್ ಅನ್ನುವ ಮೇಲ್ವಿಚಾರಕನ ದಿನಚರಿ ಇದೆ. ಅವನ ಕೈಕೆಳಗೆ ಸುಮಾರು 40 ಜನ. ತುರಾದ ಗಣಿಯಿಂದ ಸುಣ್ಣಕಲ್ಲನ್ನು ದೋಣಿಗೆ ಹೇರಿ ಗೀಜಾಕ್ಕೆ ಮುಟ್ಟಿಸುವುದು ಕೆಲಸ. ಹತ್ತು ದಿನಕ್ಕೆ ಎರಡೋ ಮೂರೋ ಟ್ರಿಪ್. ಇವತ್ತು ಹೇರಿದೆವು, ಇವತ್ತು ಹೊರಟೆವು, ರಾತ್ರಿ ಇಂಥ ಕಡೆ ತಂಗಿದೆವು. ಅಷ್ಟೇ. ಬೇಸರ ಹುಟ್ಟಿಸುವಷ್ಟು ಮಾಮೂಲಿ. ಲಾರಿ ಡ್ರೈವರ್‌ನ ಟ್ರಿಪ್ ಶೀಟ್ ಓದಿದ ಹಾಗಿದೆ. ದೊಡ್ಡ ಪಿರಮಿಡ್ ಕಟ್ಟಿದವರು ಸ್ವತಃ ಬಿಟ್ಟುಹೋದ ಮಾತು ಇದು, ನಮ್ಮ ವಿಡಿಯೋ ಮಾಡುವವರಿಗೆ ಇದು ಬೇಕಾಗಿಲ್ಲ.

ಸ್ನೆಫೆರು ಸಂತನೇನೂ ಅಲ್ಲ. ಈಜಿಪ್ಟಿನ ದಕ್ಷಿಣಕ್ಕಿದ್ದ ನುಬಿಯಾದ ಮೇಲೆ ದಂಡೆತ್ತಿ ಹೋಗಿ 7000 ಜನರನ್ನು, 2 ಲಕ್ಷ ಜಾನುವಾರುಗಳನ್ನು ಹಿಡಿದು ತಂದೆ ಅಂತ ಅದೇ ಪಲೆರ್ಮೋ ಶಿಲೆ ಹೇಳುತ್ತದೆ. ಲೆಕ್ಕವನ್ನು ಉಬ್ಬಿಸಿದ್ದರೂ ಇರಬಹುದು, ಆದರೆ ಹೆಮ್ಮೆಯಿಂದ ಬರೆಸಿದ್ದು ನಿಜ. ಆ 7000 ಜನರ ಊರುಗಳ ಕತೆ ಯಾವ ಕಲ್ಲಿನಲ್ಲೂ ಇಲ್ಲ.

ಅವನ ಪಕ್ಕಕ್ಕೆ ಎರಡನೇ ರಾಮ್ಸೆಸ್‌ನನ್ನು ನಿಲ್ಲಿಸಿ ನೋಡಿ. ಇವನು ಬಂದದ್ದು 1300 ವರ್ಷಗಳ ನಂತರ. 66 ವರ್ಷ ಆಳಿದ. ಕ್ರಿ.ಪೂ. 1274ರಲ್ಲಿ, ಈಗಿನ ಟರ್ಕಿಯ ಕಡೆಯವರಾದ ಹಿಟ್ಟೈಟರ ರಾಜ ಮುವಟಲ್ಲಿಯ ಜೊತೆ ಸಿರಿಯಾದ ಕಾದೇಶ್‌ನಲ್ಲಿ ಯುದ್ಧ. ದಾರಿಯಲ್ಲಿ ಸಿಕ್ಕ ಇಬ್ಬರು ಅಲೆಮಾರಿಗಳು 'ಹಿಟ್ಟೈಟರು ಇಲ್ಲೆಲ್ಲೂ ಇಲ್ಲ, ದೂರದ ಅಲೆಪ್ಪೋ ಕಡೆ ಇದ್ದಾರೆ' ಅಂದರು. ಇವನು ನಂಬಿದ. ನಾಲ್ಕು ದಳದಲ್ಲಿ ಒಂದನ್ನು ಕರೆದುಕೊಂಡು ಮುಂದೆ ಹೋಗಿ ಡೇರೆ ಹಾಕಿದ. ಆಮೇಲೆ ಇಬ್ಬರು ಗೂಢಚಾರರು ಸಿಕ್ಕಿಬಿದ್ದರು. ಹೊಡೆದು ಬಾಯಿ ಬಿಡಿಸಿದಾಗ ಗೊತ್ತಾಯಿತು, ಇಡೀ ಹಿಟ್ಟೈಟ್ ಸೈನ್ಯ ಊರಿನ ಮರೆಯಲ್ಲೇ ಕೂತಿದೆ. ಹಿಂದೆ ಬರುತ್ತಿದ್ದ ದಳ ಚೆಲ್ಲಾಪಿಲ್ಲಿ ಆಯಿತು. ಸಹಾಯಕ್ಕೆ ಇನ್ನೊಂದು ಪಡೆ ಹೊತ್ತಿಗೆ ಸರಿಯಾಗಿ ಬಂದದ್ದರಿಂದ ಜೀವ ಉಳಿಯಿತು. ಕಾದೇಶ್ ಊರು ಹಿಟ್ಟೈಟರ ಕೈಯಲ್ಲೇ ಉಳಿಯಿತು.

ಈಗ ದೇವಸ್ಥಾನಗಳ ಗೋಡೆಗಳನ್ನು ನೋಡಿ. ಅಬು ಸಿಂಬೆಲ್, ಲಕ್ಸರ್, ರಾಮೆಸಿಯಂ, ಅಬಿಡೋಸ್, ಹೋದಲ್ಲೆಲ್ಲ ಕಾದೇಶ್ ವಿಜಯದ ಕೆತ್ತನೆ. ಸೈನಿಕರೆಲ್ಲ ನನ್ನನ್ನು ಬಿಟ್ಟು ಓಡಿದರು, ನಾನೊಬ್ಬನೇ ರಥದಲ್ಲಿ ನುಗ್ಗಿ ಸಾವಿರಾರು ಜನರನ್ನು ಕೊಂದೆ ಅಂತ ಪದ್ಯ ಬೇರೆ. ಸೈನಿಕರನ್ನು ಬೈದು, ರಥದ ಎರಡು ಕುದುರೆಗಳಿಗೆ ಮಾತ್ರ ಇನ್ನು ಮುಂದೆ ನನ್ನೆದುರಿಗೇ ಮೇವು ಅಂತ ಮಾತು ಕೊಡುತ್ತಾನೆ. ಆ ಒಂದು ಸಾಲು ನನಗೆ ಇಷ್ಟ, ಸುಳ್ಳು ಹೇಳಲಾರೆ. ಸುಮಾರು 15 ವರ್ಷದ ಮೇಲೆ ಇದೇ ಹಿಟ್ಟೈಟರ ಜೊತೆ ಶಾಂತಿ ಒಪ್ಪಂದ ಮಾಡಿಕೊಂಡ. ಈಜಿಪ್ಟಿನ ಪ್ರತಿಯಲ್ಲಿ ಅವರೇ ಬಂದು ಶಾಂತಿ ಕೇಳಿದರು ಅಂತ ಇದೆ. ಹಿಟ್ಟೈಟರ ಪ್ರತಿಯಲ್ಲಿ ಉಲ್ಟಾ.

ರಾಮ್ಸೆಸ್ ತನ್ನ ಹೆಸರನ್ನು ಕಲ್ಲಿನಲ್ಲಿ ಬೆರಳು ಹೋಗುವಷ್ಟು ಆಳಕ್ಕೆ ಕೆತ್ತಿಸಿದ. ಹಳೇ ರಾಜರ ಮೂರ್ತಿಗಳ ಮೇಲೂ ತನ್ನ ಹೆಸರು ಹಾಕಿಸಿಕೊಂಡ. ಸೈಟಿಗೆ ರಾತ್ರೋರಾತ್ರಿ ಬೋರ್ಡ್ ನೆಡುವವರ ಹಾಗೆ. ಅಬು ಸಿಂಬೆಲ್ ಅದ್ಭುತ ಅಲ್ಲ ಅಂತ ನಾನು ಹೇಳುತ್ತಿಲ್ಲ. 20 ಮೀಟರ್ ಎತ್ತರದ ನಾಲ್ಕು ಮೂರ್ತಿಗಳ ಮುಂದೆ ಯಾರಿಗಾದರೂ ಬಾಯಿ ಕಟ್ಟುತ್ತದೆ. ಆದರೆ ಅಲ್ಲಿ ನನ್ನ ಕಣ್ಣು ಹೋದದ್ದು ಎಡದಿಂದ ಎರಡನೆಯ ಮೂರ್ತಿಯ ಕಾಲ ಬಳಿಗೆ. ಅದರ ತಲೆ, ಎದೆ ಭೂಕಂಪದಲ್ಲಿ ಉರುಳಿ ಅಲ್ಲೇ ಬಿದ್ದಿವೆ. 1960ರ ದಶಕದಲ್ಲಿ ಆಸ್ವಾನ್ ಅಣೆಕಟ್ಟಿನ ನೀರಿನಲ್ಲಿ ಮುಳುಗದ ಹಾಗೆ ಇಡೀ ದೇವಸ್ಥಾನವನ್ನು ತುಂಡು ಮಾಡಿ 65 ಮೀಟರ್ ಮೇಲಕ್ಕೆ ಒಯ್ದರಲ್ಲ, ಆಗ ಬಿದ್ದ ತಲೆಯನ್ನೂ ಒಯ್ದು, ಬಿದ್ದ ಹಾಗೆಯೇ ಇಟ್ಟರು. ರಾಮ್ಸೆಸ್‌ನನ್ನು ಕೇಳಿದ್ದರೆ ಖಂಡಿತ ಬಿಡುತ್ತಿರಲಿಲ್ಲ.

ಜನರ ಬಾಯಲ್ಲಿ ಯಾರು ಹೇಗೆ ಉಳಿದರು ಅನ್ನುವುದಕ್ಕೂ ಒಂದು ಕತೆ ಇದೆ. ಸ್ನೆಫೆರು ಸತ್ತು ಎಷ್ಟೋ ಶತಮಾನ ಕಳೆದ ಮೇಲೆ ಬರೆದ ಒಂದು ಪಪೈರಸ್‌ನಲ್ಲಿ ಅವನು ಬೇಜಾರಾಗಿ ಅರಮನೆಯಲ್ಲಿ ಸುತ್ತುತ್ತಿದ್ದಾನೆ. ಪುರೋಹಿತನ ಸಲಹೆಯಂತೆ 20 ಹೆಂಗಸರು ಹುಟ್ಟು ಹಾಕುವ ದೋಣಿಯಲ್ಲಿ ಕೆರೆ ವಿಹಾರ. ನಡುವೆ ಒಬ್ಬಳ ಮೀನಿನಾಕಾರದ ಪಚ್ಚೆನೀಲಿ ಪದಕ ನೀರಿಗೆ ಬೀಳುತ್ತದೆ. ಅವಳು ಹುಟ್ಟು ಹಾಕುವುದನ್ನೇ ನಿಲ್ಲಿಸುತ್ತಾಳೆ. ಬೇರೆ ಕೊಡಿಸುತ್ತೇನೆ ಅನ್ನುತ್ತಾನೆ ರಾಜ. ಬೇಡ, ನನಗೆ ನನ್ನದೇ ಬೇಕು ಅನ್ನುತ್ತಾಳೆ ಅವಳು! ರಾಜ ಸಿಟ್ಟಾಗುವುದಿಲ್ಲ. ಪುರೋಹಿತನನ್ನು 'ತಮ್ಮಾ' ಅಂತ ಕರೆದು ಕಷ್ಟ ಹೇಳಿಕೊಳ್ಳುತ್ತಾನೆ. ಅವನು ಮಂತ್ರ ಹಾಕಿ ಕೆರೆಯ ಅರ್ಧ ನೀರನ್ನು ಮಡಚಿ ಇನ್ನರ್ಧದ ಮೇಲಿಟ್ಟು ಪದಕ ತೆಗೆದುಕೊಡುತ್ತಾನೆ.

ಅದೇ ಪಪೈರಸ್‌ನಲ್ಲಿ ಮಗ ಖುಫು ಬರುವುದು ಹೀಗೆ. ಕಡಿದ ತಲೆ ಕೂಡಿಸುವ ಜೆದಿ ಅನ್ನುವ ಮಂತ್ರವಾದಿ ಇದ್ದಾನೆ ಅಂತ ಕೇಳಿ ಅವನನ್ನು ಕರೆಸಿ, ಜೈಲಿನಿಂದ ಒಬ್ಬ ಕೈದಿಯನ್ನು ತನ್ನಿ, ತಲೆ ಕಡಿದು ನೋಡೋಣ ಅನ್ನುತ್ತಾನೆ. ಮನುಷ್ಯರ ಮೇಲೆ ಬೇಡ ದೊರೆ ಅನ್ನುತ್ತಾನೆ ಜೆದಿ. ಕೊನೆಗೆ ಹೆಬ್ಬಾತಿನ ತಲೆ ಕಡಿದು, ಕೂಡಿಸಿ ತೋರಿಸುತ್ತಾನೆ.

ಇಷ್ಟನ್ನೂ ನಿನ್ನೆ ಫೋನಿನಲ್ಲಿ ಮಾವನಿಗೆ ಹೇಳಿದೆ. ಬಿರುಕು, ಗಾರೆ, ಮರದ ದಿಮ್ಮಿ, ಮೆರೆರ್‌ನ ಟ್ರಿಪ್ ಲೆಕ್ಕ, ಎಲ್ಲ. ಮಧ್ಯೆ ಒಂದು ಮಾತೂ ಆಡದೆ ಕೇಳಿದರು. ಗೆದ್ದೆ ಅಂದುಕೊಂಡೆ.

'ಅದೆಲ್ಲ ಸರಿ ಕಣೋ,' ಅಂದರು ಕೊನೆಗೆ. 'ಆ ಹೆಬ್ಬಾತಿನ ತಲೆ ವಾಪಸ್ ಹೇಗೆ ಕೂತ್ಕೊಳ್ತು?'