ಸತ್ಯಾಂಶ: ‘ಉಹುರಾ’ ಪಾತ್ರದ ನಟಿ ಗಗನಯಾತ್ರಿಯಾಗಿದ್ದರೇ?

ಬಾಹ್ಯಾಕಾಶಯಾನದ ಕಾಲ್ಪನಿಕ ಕತೆಯುಳ್ಳ ಅಮೆರಿಕದ ‘ಸ್ಟಾರ್ ಟ್ರೆಕ್’ ಟಿ.ವಿ. ಧಾರಾವಾಹಿಯ ನಟಿ ನಿಶೆಲ್ ನಿಕೋಲ್ಸ್ ಅವರೇ ಬಾಹ್ಯಾಕಾಶಕ್ಕೆ ಹೋದ ಮೊದಲ ಕಪ್ಪುವರ್ಣೀಯ ಮಹಿಳೆ ಎಂಬ ಸಂದೇಶ ಕಾರವಾರ, ಶಿರಸಿ ಕಡೆಯ ವಾಟ್ಸ್‌ಆ್ಯಪ್ ಗುಂಪುಗಳಲ್ಲಿ ಹರಿದಾಡುತ್ತಿದೆ. ಇದು ನಿಜವಲ್ಲ. 2022ರಲ್ಲಿ ತೀರಿಕೊಂಡ ಅವರ ಚಿತಾಭಸ್ಮದ ಅಂಶ ಮಾತ್ರ 2024ರಲ್ಲಿ ರಾಕೆಟ್ ಏರಿತು.

1966ರಿಂದ 1969ರವರೆಗೆ ಆ ಧಾರಾವಾಹಿಯಲ್ಲಿ ಬಾಹ್ಯಾಕಾಶ ನೌಕೆಯ ಸಂವಹನಾಧಿಕಾರಿ ಉಹುರಾಳ ಪಾತ್ರ ವಹಿಸಿದ್ದ ನಿಕೋಲ್ಸ್, 1977ರಲ್ಲಿ ನಾಸಾದ ಪರವಾಗಿ ಊರೂರು ಸುತ್ತಿ, ಮಹಿಳೆಯರೂ ಕಪ್ಪುವರ್ಣೀಯರೂ ಗಗನಯಾತ್ರಿ ಹುದ್ದೆಗೆ ಅರ್ಜಿ ಹಾಕುವಂತೆ ಹುರಿದುಂಬಿಸಿದರು. ಮರುವರ್ಷ ಆಯ್ಕೆಯಾದ 35 ಮಂದಿಯಲ್ಲಿ ಮುಂದೆ ಬಾಹ್ಯಾಕಾಶಕ್ಕೆ ಹೋದ ಮೊದಲ ಅಮೆರಿಕನ್ ಮಹಿಳೆ ಎನಿಸಿದ ಸ್ಯಾಲಿ ರೈಡ್, ಮೊದಲ ಕಪ್ಪುವರ್ಣೀಯ ಅಮೆರಿಕನ್ ಎನಿಸಿದ ಗಯನ್ ಬ್ಲೂಫರ್ಡ್ ಇದ್ದರು. ಗೊಂದಲದ ಮೂಲ ಬಹುಶಃ ಇದೇ. ಕಟ್ಟುಕತೆಗಿಂತ ಈ ಕೆಲಸವೇ ದೊಡ್ಡದೆಂದು ನನಗನ್ನಿಸುತ್ತದೆ.

ಮೊದಲಿಗರೆಂಬ ಗೌರವ 1992ರಲ್ಲಿ ಎಂಡೆವರ್ ನೌಕೆಯಲ್ಲಿ ತೆರಳಿದ ವೈದ್ಯೆ ಮೇ ಜೆಮಿಸನ್ ಅವರದು. ಉಹುರಾ ತಮಗೆ ಪ್ರೇರಣೆ ಎಂದಿದ್ದ ಅವರು, 1993ರಲ್ಲಿ ಅದೇ ಸರಣಿಯ ಮುಂದಿನ ಆವೃತ್ತಿಯ ಕಂತೊಂದರಲ್ಲಿ ನಟಿಸಿಯೂ ಇದ್ದಾರೆ.