ಹೊಸಾ ಹಳೇ ಬಸ್ ಸ್ಟ್ಯಾಂಡು

ಹುಬ್ಬಳ್ಳಿಯ ಹೊಸ ಬಸ್ ಸ್ಟ್ಯಾಂಡ್ ಗೋಕುಲ ರಸ್ತೆಯಲ್ಲಿದೆ, ಅದು ಹಳೇದಾಗಿದೆ. ಹಳೇ ಬಸ್ ಸ್ಟ್ಯಾಂಡ್ ಚೆನ್ನಮ್ಮ ಸರ್ಕಲ್ ಹತ್ತಿರ ಇದೆ, ಅದು ಹೊಸದು. ಕಟ್ಟಡ ಕೆಡವಿ ಮತ್ತೆ ಕಟ್ಟಿದರು. ಹೆಸರು ಕೆಡವೋ ಜೆಸಿಬಿ ಯಾರ ಹತ್ತಿರವೂ ಇರಲಿಲ್ಲ.

ಬೆಂಗಳೂರಿಂದ ಬಂದ ಅತ್ತೆಯ ಮಗನಿಗೆ 'ಹಳೇ ಬಸ್ ಸ್ಟ್ಯಾಂಡಿನಲ್ಲೇ ನಿಂತಿರು' ಅಂದಿದ್ದೆ. ಹೋಗಿ ನೋಡಿದರೆ ಅವನು ಅಲ್ಲೇ, ಹೊಳೆಯೋ ನೆಲದ ಮೇಲೆ ಬ್ಯಾಗ್ ಇಟ್ಟುಕೊಂಡು, ಹಳೇ ಬಸ್ ಸ್ಟ್ಯಾಂಡ್ ಎಲ್ಲಿ ಅಂತ ಕೇಳುತ್ತಿದ್ದ.

'ಅದರಾಗ ನಿಂತೀರಲ್ರೀ' ಅಂದ ಆಟೋದವನು.

'ಇದು ಹೊಸದಲ್ವಾ?'

'ಹೊಸಾದು ಗೋಕುಲ ರೋಡಿನ್ಯಾಗ ಐತ್ರಿ. ಹತ್ರಿ, ಬಿಡ್ತೇನಿ.'

ರೈಲ್ವೆಯವರ ಕಥೆಯೂ ಇಷ್ಟೇ. 2014ರ ನವೆಂಬರ್ 1ಕ್ಕೆ 'ಹುಬ್ಲಿ' ಹೋಗಿ 'ಹುಬ್ಬಳ್ಳಿ' ಬಂತು. ಆಮೇಲೆ ಸ್ಟೇಷನ್ನಿಗೆ ಸಿದ್ಧಾರೂಢರ ಹೆಸರು ಬಂತು. ಟಿಕೆಟ್ ನೋಡಿದರೆ ಸ್ಟೇಷನ್ ಕೋಡ್ ಇವತ್ತಿಗೂ 'ಯುಬಿಎಲ್'! ಅಲ್ಲಿರೋದು ಜಗತ್ತಿನಲ್ಲೇ ಉದ್ದದ ಪ್ಲಾಟ್‌ಫಾರ್ಮ್, 1,507 ಮೀಟರ್. ಸಾಮಾನು ಹೊತ್ತು ಈ ತುದಿಯಿಂದ ಆ ತುದಿಗೆ ನಡೆದರೆ, ಯಾವ ಊರಿಗೆ ಹೊರಟಿದ್ದೆ ಅನ್ನೋದೇ ಮರೆತುಹೋಗುತ್ತದೆ.

ಧಾರವಾಡದವರು ಇನ್ನೂ ಒಂದು ಕೈ ಮೇಲು. ಕನ್ನಡಿಗರಿಗೆ ತಮ್ಮ ಹಳೇ ವೈಭವ ನೆನಪು ಮಾಡಿಕೊಡೋಕೆ ಆಲೂರು ವೆಂಕಟರಾಯರು ಜೀವನವನ್ನೇ ಸವೆಸಿದರು. ಊರಿನ ನಡುವಿನ ಸರ್ಕಲ್ಲಿಗೆ ಅವರ ಹೆಸರನ್ನೇ ಇಟ್ಟಿದ್ದೇವೆ. ಕರೆಯೋದು? ಜುಬಿಲಿ ಸರ್ಕಲ್. (ನಾನೂ ಹಾಗೇ ಕರೆಯೋದು, ಸುಮ್ನೆ ಯಾಕೆ ಸುಳ್ಳು ಹೇಳಲಿ.)

ಎರಡೂ ಊರಿನ ನಡುವೆ ಬಸ್ಸಿಗೇ ಬೇರೆ ದಾರಿ ಬಿಡೋ ಬಿಆರ್‌ಟಿಎಸ್ ಬಂತಲ್ಲ, ಅದಕ್ಕಾಗಿ ರಸ್ತೆ ಅಗಲ ಮಾಡುವಾಗ ಸಾಲು ಮರಗಳು ಹೋದವು. ಆಮೇಲೆ ಅದೇ ರಸ್ತೆಯಲ್ಲಿ ಓಡೋ ಬಸ್ಸಿಗೆ 'ಚಿಗರಿ' ಅಂತ ಹೆಸರಿಟ್ಟರು. ಗಿಡ ಕಡಿದ ಜಾಗದಲ್ಲಿ ಜಿಂಕೆ ಬಿಡೋ ಉಪಾಯ ಬೇರೆ ಯಾವ ಊರಿಗೂ ಹೊಳೆದಿರಲಿಕ್ಕಿಲ್ಲ. ಜಿಂಕೆಗೆ ಎಸಿ ಬೇರೆ.

ಮೊನ್ನೆ ಆ ಚಿಗರಿಯಲ್ಲಿ ನನ್ನ ಪಕ್ಕ ಒಬ್ಬ ಅಜ್ಜಿ ಕೂತಿದ್ದರು. ಮೈಕಿನಲ್ಲಿ ಒಂದೊಂದೇ ಸ್ಟಾಪಿನ ಹೆಸರು ಬರುತ್ತಿತ್ತು. ಅಜ್ಜಿ ಅದನ್ನು ಕಿವಿಗೇ ಹಾಕಿಕೊಳ್ಳದೆ, 'ಆ ದೊಡ್ಡ ಗಿಡ ಬಂದ್ರ ಹೇಳಪಾ, ಇಳಿಯೂದೈತಿ' ಅಂದರು. ನಾನು ತಡವರಿಸಿದೆ. ಮುಂದಿನ ಸೀಟಿನವರು ತಿರುಗಿಯೂ ನೋಡದೆ ಹೇಳಿದರು, 'ಏಳ್ರಿ ಅಮ್ಮಾ, ಗಿಡ ಬಂತು.'

ಬಾಗಿಲು ತೆರೆಯಿತು. ಅಜ್ಜಿ ಇಳಿದು, ಬಿಸಿಲಿಗೆ ಸೆರಗನ್ನು ತಲೆ ಮೇಲೆ ಎಳೆದುಕೊಂಡರು.