ಬರ್ಕೊಂಡಿದ್ದನ್ನ ಓದಿ ಹೇಳ್ರಿ

ನಮ್ಮೂರು ಹೊಳಲ್ಕೆರೆ ಕಡೆ. ಗ್ರಾಮಸಭೆ ಅಂದ್ರೆ ನಮಗೆಲ್ಲ ಶಾಮಿಯಾನ, ಪ್ಲಾಸ್ಟಿಕ್ ಕುರ್ಚಿ, ಮಂಡಕ್ಕಿ, ಮೆಣಸಿನಕಾಯಿ. ಸಹಿ ಹಾಕಿ, ತಿಂದು, ಎದ್ದು ಬರುವುದು. ಮಾತಾಡುವವರು ಯಾವಾಗಲೂ ಅದೇ ನಾಲ್ಕು ಜನ.

ಹೋದ ಸಲ ನಮ್ಮ ದೊಡ್ಡಮ್ಮ ಎದ್ದು ನಿಂತರು. ಅವರ ಓಣಿಗೆ ಎರಡು ತಿಂಗಳಿಂದ ನೀರಿಲ್ಲ. "ಆಯ್ತು ಬಿಡಮ್ಮ, ಬರ್ಕೊಂಡಿದೀವಿ, ಕೂತ್ಕೊ" ಅಂದರು ಮೇಜಿನ ಹಿಂದಿದ್ದವರು. ದೊಡ್ಡಮ್ಮ ಕೂರಲಿಲ್ಲ. "ಏನು ಬರ್ಕೊಂಡ್ರಿ? ಓದಿ ಹೇಳ್ರಿ."

ಪುಸ್ತಕದಲ್ಲಿ ಇದ್ದದ್ದು ಒಂದೇ ಸಾಲು: "ಕುಡಿಯುವ ನೀರಿನ ಬಗ್ಗೆ ಚರ್ಚಿಸಲಾಯಿತು." ದೊಡ್ಡಮ್ಮನಿಗೆ ಓದು ಬರುವುದಿಲ್ಲ. ಆದರೆ ತಾನು ಹೇಳಿದ್ದು ಅದರಲ್ಲಿಲ್ಲ ಅಂತ ಕಿವಿಗೇ ಗೊತ್ತಾಯಿತು. ಅಲ್ಲೇ ನಿಂತು ಬರೆಸಿದರು. ಕೆಳಗಿನ ಓಣಿ, 14 ಮನೆ, ಬೋರಿನ ಮೋಟಾರ್ ಸುಟ್ಟು ಎರಡು ತಿಂಗಳು. ಇನ್ನೊಮ್ಮೆ ಓದಿಸಿ, ಆಮೇಲೇ ಹೆಬ್ಬೆಟ್ಟು ಒತ್ತಿದ್ದು.

ಡಿಗ್ರಿ ಮಾಡಿದ ನಾನು ಇಷ್ಟು ವರ್ಷ ಖಾಲಿ ಪುಟದ ಕೆಳಗೆ ಸಹಿ ಹಾಕಿ ಬರುತ್ತಿದ್ದೆ. ನಾಚಿಕೆಯಾಯಿತು.

ಓಟು ಐದು ವರ್ಷಕ್ಕೊಮ್ಮೆ. ಗ್ರಾಮಸಭೆಯನ್ನ ಆರು ತಿಂಗಳಿಗೊಮ್ಮೆಯಾದರೂ ಕರೆಯಲೇಬೇಕು, 1993ರ ನಮ್ಮ ರಾಜ್ಯದ ಪಂಚಾಯತ್ ಕಾಯ್ದೆಯಲ್ಲೇ ಇದೆ. ಮತದಾರರ ಪಟ್ಟಿಯಲ್ಲಿ ಹೆಸರಿದ್ದವರೆಲ್ಲ ಅದರ ಸದಸ್ಯರು. ನಮಗೆ ಮಾತಾಡಲು ಯಾರ ಅಪ್ಪಣೆಯೂ ಬೇಡ.

ದೊಡ್ಡ ಹೋರಾಟ ಬೇಡ ಅಂತಲ್ಲ. ಭದ್ರಾ ಮೇಲ್ದಂಡೆ ನೀರಾವರಿ ಯೋಜನೆಗೆ ನಮ್ಮ ಚಿತ್ರದುರ್ಗ ಜಿಲ್ಲೆಯವರು ಎಷ್ಟು ವರ್ಷ ಬೀದಿಗಿಳಿದಿದ್ದಾರೆ! 2023ರ ಕೇಂದ್ರ ಬಜೆಟ್‌ನಲ್ಲಿ 5,300 ಕೋಟಿ ಅಂತ ಕೇಳಿದಾಗ ನಾನೂ ಕುಣಿದಿದ್ದೆ. ಆದರೆ ಕೆಳಗಿನ ಓಣಿಯ ಮೋಟಾರಿಗೆ ಯಾರು ಬಂದ್ ಕರೆಯುತ್ತಾರೆ ಹೇಳಿ?

ತಿಂಗಳಾದರೂ ಮೋಟಾರ್ ಬರಲಿಲ್ಲ. ಮಾಹಿತಿ ಹಕ್ಕಿನಲ್ಲಿ ಅರ್ಜಿ ಬರೆಯಲು ಕೂತೆ. 10 ರೂಪಾಯಿ ಶುಲ್ಕ, 30 ದಿನದಲ್ಲಿ ಉತ್ತರ ಕೊಡಬೇಕು. ಆದರೆ ನಮ್ಮ ರಾಜ್ಯದಲ್ಲಿ ಅರ್ಜಿ 150 ಪದ ದಾಟುವಂತಿಲ್ಲ, ವಿಷಯವೂ ಒಂದೇ ಇರಬೇಕು. ಜನರ ಬಾಯಿಗೆ ಅಳತೆಗೋಲು ಹಿಡಿಯೋದು ನನಗೆ ಈಗಲೂ ಸರಿ ಕಾಣಲ್ಲ. ಆದರೂ ಎರಡು ಪುಟದ ನನ್ನ ಬೈಗುಳವೆಲ್ಲ ಹೋಗಿ ಕೊನೆಗೆ ಉಳಿದದ್ದು ಎರಡು ಸಾಲು: ಇಂಥ ದಿನದ ಸಭೆಯ ನಡಾವಳಿಯ ನಕಲು ಕೊಡಿ, ಕೆಳಗಿನ ಓಣಿಯ ಮೋಟಾರ್ ಬಗ್ಗೆ ತಗೊಂಡ ಕ್ರಮದ ದಾಖಲೆ ಕೊಡಿ. ದೊಡ್ಡಮ್ಮ ಅವತ್ತು ಬರೆಸಿರದಿದ್ದರೆ ನಾನು ಯಾವುದರ ನಕಲು ಕೇಳುತ್ತಿದ್ದೆ? "ಚರ್ಚಿಸಲಾಯಿತು" ಅನ್ನೋದರದ್ದಾ?

ಅರ್ಜಿ ಕೊಟ್ಟ ಹನ್ನೊಂದನೇ ದಿನ ಮೋಟಾರ್ ಬಂತು. ಉತ್ತರ ಇನ್ನೂ ಬಂದಿಲ್ಲ. ಮುಂದಿನ ಸಭೆ ಯಾವಾಗ ಅಂತ ದೊಡ್ಡಮ್ಮ ಆಗಲೇ ಕೇಳುತ್ತಿದ್ದಾರೆ. ಬೀದಿ ದೀಪದ್ದು ಬಾಕಿ ಇದೆಯಂತೆ.